ಆಟದ ಆಕಾಶ

ಮಕ್ಕಳ ಆಟವನ್ನು ಕಂಡೊಡನೆ ಸಿಡುಕುವ ಹಿರಿಯರ ಸಾಲಿಗೆ ಸೇರಿದವನು ನಾನಲ್ಲ. ಬಾಲ್ಯದಲ್ಲಿ ಕೋಲನ್ನೇ ಕತ್ತಿಯೆಂದು ಹಿಡಿದು ನಾವೂ ಕಾದಾಡಿದವರೇ. ಸಂಜೆಯಾದೊಡನೆ ಕೊಂದವರೂ ಸತ್ತವರೂ ಕೂಡಿಕೊಂಡೇ ಮನೆಗೆ ಮರಳುತ್ತಿದ್ದೆವು. ಆದರೂ ಈಚೆಗೆ ನನ್ನ ಮೊಮ್ಮಗನು ಕಂಪ್ಯೂಟರಿನಲ್ಲಿ ಆಡುತ್ತಿದ್ದ ಹಳೆಯ ಆಟವೊಂದು ನನ್ನನ್ನು ಆಲೋಚನೆಗೆ ಹಚ್ಚಿತು.

ಅದರ ಹೆಸರು ‘ರೆಡ್ ಬ್ಯಾರನ್’. 1990ರಲ್ಲಿ ಅಮೆರಿಕದ ಡೈನಮಿಕ್ಸ್ ಸಂಸ್ಥೆಯು ರಚಿಸಿದ ಈ ಆಟದ ವಸ್ತು ಮೊದಲನೆಯ ಮಹಾಯುದ್ಧದ ವಿಮಾನ ಕದನ. ಆಡುವವನು ಬ್ರಿಟಿಷರ ಪಕ್ಷವನ್ನಾಗಲಿ ಜರ್ಮನರ ಪಕ್ಷವನ್ನಾಗಲಿ ವಹಿಸಬಹುದು. ಸೂರ್ಯನನ್ನು ಬೆನ್ನಿಗಿಟ್ಟುಕೊಂಡು ಮೇಲಿನಿಂದ ಎರಗಿದರೆ ಶತ್ರುವಿಗೆ ಕಾಣಿಸುವುದಿಲ್ಲವೆಂಬ ಯುಕ್ತಿಯನ್ನು ಮೊಮ್ಮಗನು ನನಗೆ ವಿವರಿಸಿದನು. ಮನುಷ್ಯನು ಯಂತ್ರದ ಬಲದಿಂದ ಮೊದಲು ಹಾರಿದ್ದು 1903ರಲ್ಲಿ. 1915ರ ವೇಳೆಗೆ, ತಿರುಗುವ ಪ್ರೊಪೆಲ್ಲರಿನ ಅಲಗುಗಳ ನಡುವಿನಿಂದಲೇ ಗುಂಡು ಹಾರಿಸುವ ವಿದ್ಯೆಯನ್ನೂ ಆತನು ಕಲಿತಿದ್ದನು! ಇಂಥ ಚರಿತ್ರೆಯತ್ತ ಮಕ್ಕಳ ಮನಸ್ಸನ್ನು ಸೆಳೆಯುವ ಆಟವನ್ನು ನಾನು ಹೇಗೆ ಹಳಿಯಲಿ?

“ಅಜ್ಜ, ಇದು ಐದನೆಯದು!” ಎಂದು ಹುಡುಗನು ಕೂಗಿದನು. ಹೊಗೆಯುಗುಳುತ್ತ ಒಂದು ವಿಮಾನವು ಕೆಳಗುರುಳುತ್ತಿತ್ತು.

“ಅದರೊಳಗೆ ಯಾರಿದ್ದರಪ್ಪ?” ಎಂದೆ.

“ಯಾರೂ ಇಲ್ಲ ಅಜ್ಜ. ಇದು ಆಟ” ಎಂದನು.

ಅವನ ಮಾತು ನಿಜವೇ. ಆದರೆ ಈ ಎಣಿಕೆಯನ್ನು ಹುಟ್ಟಿಸಿದ್ದು ಆಟವಲ್ಲ, ಯುದ್ಧ. ‘ರೆಡ್ ಬ್ಯಾರನ್’ ಎಂದು ಹೆಸರಾದ ಜರ್ಮನ್ ವೈಮಾನಿಕ ಮ್ಯಾನ್‌ಫ್ರೆಡ್ ಫಾನ್ ರಿಖ್ಟ್‌ಹೋಫೆನ್‌ನ ಲೆಕ್ಕದಲ್ಲಿ 80 ವಿಜಯಗಳಿವೆ. ಎಂಬತ್ತೆಂಬುದು ಬರಿಯ ಅಂಕಿಯಲ್ಲ. ಮರದ ಚೌಕಟ್ಟಿಗೆ ಬಟ್ಟೆ ಹೊದಿಸಿದ ಆ ವಿಮಾನಗಳಲ್ಲಿ ಹರೆಯದವರು ಕುಳಿತಿದ್ದರು. ಬೆಂಕಿ ಹೊತ್ತಿಕೊಂಡರೆ ಧುಮುಕಿ ಬದುಕಲು ಬ್ರಿಟಿಷ್ ವೈಮಾನಿಕರಿಗೆ ಪ್ಯಾರಾಚೂಟ್ ಕೂಡ ಇರಲಿಲ್ಲ. 1918ರ ಏಪ್ರಿಲ್ 21ರಂದು ರಿಖ್ಟ್‌ಹೋಫೆನ್‌ನೂ ಗುಂಡಿಗೆ ಬಲಿಯಾದನು. ಆಗ ಅವನ ವಯಸ್ಸು 25.

ಆ ಆಕಾಶದಲ್ಲಿ ನಮ್ಮ ದೇಶದವನೂ ಒಬ್ಬನಿದ್ದನು. ಕಲ್ಕತ್ತೆಯಲ್ಲಿ ಹುಟ್ಟಿದ ಇಂದ್ರಲಾಲ್ ರಾಯ್ ಬ್ರಿಟಿಷರ ವಾಯುಪಡೆಯಲ್ಲಿ ಹೋರಾಡಿ, 1918ರ ಜುಲೈ ತಿಂಗಳಿನಲ್ಲಿ ಎರಡು ವಾರಗಳೊಳಗೆ 10 ವಿಜಯಗಳನ್ನು ಪಡೆದನು. ಅದೇ ತಿಂಗಳ 22ರಂದು ಫ್ರಾನ್ಸಿನ ನೆಲದ ಮೇಲೆ ಅವನ ವಿಮಾನವನ್ನು ಜರ್ಮನರು ಹೊಡೆದುರುಳಿಸಿದರು. ಈ ಪಾಠವನ್ನು ಓದುತ್ತಿರುವ ನಿಮಗಿಂತ ಅವನು ಹೆಚ್ಚು ದೊಡ್ಡವನೇನೂ ಅಲ್ಲ, ಹತ್ತೊಂಬತ್ತರ ತರುಣ. ಇತ್ತ ಹತ್ತರ ಲೆಕ್ಕವುಳ್ಳವನು ಅತ್ತ ಶತ್ರುವಿನ ಲೆಕ್ಕದಲ್ಲಿ ‘ಒಂದು’ ಆಗಿಹೋದನು.

ಆಟವನ್ನು ಬಿಡಿರೆಂದು ನಾನು ಹೇಳಲಾರೆ. ಸೋತವನಿಗೆ ಅದು ಮತ್ತೊಂದು ಅವಕಾಶವನ್ನು ಕೊಡುತ್ತದೆ. ಆಟದ ಸೊಗಸೂ ಅದೇ, ಅದರ ಸುಳ್ಳೂ ಅದೇ. ಆಡಿರಿ; ಆದರೆ ಎಣಿಸುವಾಗ ಆ ಎಣಿಕೆಯ ಹಿಂದಿರುವ ಮನುಷ್ಯನನ್ನು ಮರೆಯದಿರಿ. ಕೋಲಿನ ಕತ್ತಿ ಹಿಡಿದ ನಾವೆಲ್ಲರೂ ಸಂಜೆಗೆ ಮನೆ ಸೇರಿದೆವು. ಇಂದ್ರಲಾಲನು ಸೇರಲಿಲ್ಲ.