ಕೈಗುಣ ಅಲ್ಲ, ಕಾಲಗುಣ (ಟೆರೇಸ್ ತೋಟ: ಭಾಗ 7)

"ನನ್ನ ಕೈಗುಣನೇ ಸರಿ ಇಲ್ಲ ಕಣೇ" ಅಂತ ಕ್ಲಾಸ್‌ಮೇಟ್ ಒಬ್ಬಳು ಎಂಟು ಪಾಟ್ ಖಾಲಿ ಮಾಡಿ ಮೂಲೆಗಿಟ್ಟಿದ್ದಾಳೆ. ಅವಳ ತಪ್ಪು ಒಂದೇ: ವಿದೇಶದ ವಿಡಿಯೋ ನೋಡಿ ಮಾರ್ಚ್‌ನಲ್ಲಿ ಟೊಮೆಟೊ, ಪಾಲಕ್, ಕೊತ್ತಂಬರಿ ಹಾಕಿದ್ದು. ಅಲ್ಲಿ ಮಾರ್ಚ್ ಅಂದ್ರೆ ಚಳಿ ಇಳಿಯೋ ಹೊತ್ತು. ನಮ್ಮ ದಾವಣಗೆರೆಲಿ ಬಿಸಿಲು ಏರೋ ಹೊತ್ತು!

ಹಗಲು 35 ಡಿಗ್ರಿ ದಾಟಿ, ರಾತ್ರಿನೂ ಸೆಕೆ ಇದ್ದರೆ ಟೊಮೆಟೊ ಹೂವು ಕಾಯಿ ಕಚ್ಚದೆ ಉದುರುತ್ತೆ. ಪಾಲಕ್, ಕೊತ್ತಂಬರಿ ಎಲೆ ಬಲಿಯೋ ಮೊದಲೇ ಹೂವಿಗೆ ಹೋಗುತ್ತವೆ. ಗೊಬ್ಬರ ಎಷ್ಟು ಸುರಿದರೂ ಇದು ಬದಲಾಗಲ್ಲ.

ನನ್ನ ಪ್ರಕಾರ ನಮಗೆ ಮೊದಲು ಬೇಕಿರೋದು ದುಬಾರಿ ಮಣ್ಣಲ್ಲ, ನಮ್ಮೂರಿನ ಕ್ಯಾಲೆಂಡರ್.

🌞 ಫೆಬ್ರವರಿ–ಮಾರ್ಚ್: ಬೆಂಡೆ, ಹೀರೆ, ಸೋರೆ, ಹರಿವೆ, ಬಸಳೆ.
🌧️ ಜೂನ್–ಜುಲೈ: ಬದನೆ, ಮೆಣಸಿನ ಸಸಿ, ಅವರೆ. ನಾಟಿ ಅವರೆ ಹೂ ಬಿಡೋದು ಹಗಲು ಚಿಕ್ಕದಾದ ಮೇಲೆ. ಕಾಯಬೇಕು.
🍂 ಅಕ್ಟೋಬರ್–ನವೆಂಬರ್: ಟೊಮೆಟೊ ಸಸಿ, ಮೂಲಂಗಿ, ಕ್ಯಾರೆಟ್, ಪಾಲಕ್, ಮೆಂತ್ಯ, ಕೊತ್ತಂಬರಿ.

"ಮಾರ್ಕೆಟ್‌ನಲ್ಲಿ ವರ್ಷವಿಡೀ ಸಿಗುತ್ತಲ್ಲ?" ಅಂತೀರಾ. ಸಿಗುತ್ತೆ. ಬೇರೆ ಬೇರೆ ಊರಿಂದ ಬರುತ್ತೆ, ಬೆಳೆಯೋರಿಗೆ ನೆರಳು ಪರದೆ, ಹನಿ ನೀರಾವರಿ ಇರುತ್ತೆ. ನಮಗಿರೋದು ಕಾದ ಕಾಂಕ್ರೀಟ್ ಮತ್ತೆ ಒಂದು ಮಗ್ಗು ನೀರು.

ನಮ್ಮಜ್ಜಿ ತಿಂಗಳ ಹೆಸರು ಹೇಳ್ತಾನೇ ಇರಲಿಲ್ಲ. "ಮೃಗಶಿರ ಮಳೆ ಬರಲಿ ತಡಿ" ಅಂತಿದ್ರು. ಅದನ್ನ ಹಳೇ ಕಾಲದ ಮಾತು ಅಂತ ನಕ್ಕಿದ್ದು ನಾವೇ.

ಪಾಟ್ ಎಸೀಬೇಡ ಕಣೇ. ಈಗ ಅಕ್ಟೋಬರ್. ಒಂದು ಹಿಡಿ ಮೆಂತ್ಯ ನಾನೇ ತರ್ತೀನಿ, ನಿನ್ನ ಕೈಯಲ್ಲೇ ಹಾಕು. 🌱