ಬುದ್ಧಿ ಎಲ್ಲಿಂದ ಬಂತು?

ಹಳೇ ಮೈಸೂರು ಸೀಮೆಯಲ್ಲಿ ಸ್ವಾಮಿಗಳನ್ನು ‘ಬುದ್ಧಿ’ ಎಂದು ಕರೆಯುವುದು ವಾಡಿಕೆ. ಕರೆಸಿಕೊಳ್ಳುವವರಿಗೆ ಅದು ಗೌರವವೂ ಹೌದು, ಎಚ್ಚರಿಕೆಯೂ ಹೌದು. ಮೊನ್ನೆ ಸಂಜೆ ಪೂಜೆ ಮುಗಿಸಿ ಹೊರಗೆ ಬಂದಾಗ ಶ್ರೀಮಠದ ವಿದ್ಯಾರ್ಥಿನಿಲಯದ ಹುಡುಗನೊಬ್ಬ ಪಾದಕ್ಕೆರಗಿ, “ಬುದ್ಧೀ, ಮನುಷ್ಯನೂ ಪ್ರಾಣಿಗಳ ವಂಶದಿಂದಲೇ ಬಂದವನು ಎಂದು ಮೇಷ್ಟ್ರು ಪಾಠ ಮಾಡಿದರು. ಹಾಗಾದರೆ ನಮ್ಮ ಯೋಚನೆಯೂ ಅಲ್ಲಿಂದಲೇ ಬಂದದ್ದು ತಾನೆ? ಅದನ್ನು ನಂಬುವುದು ಹೇಗೆ?” ಎಂದು ಕೇಳಿದ. ಪಕ್ಕದಲ್ಲಿ ನಿಂತಿದ್ದ ಹಿರಿಯ ಭಕ್ತರೊಬ್ಬರಿಗೆ ಸಿಟ್ಟು ಬಂತು. “ನಮ್ಮ ಮಠದ ಶಾಲೆಯಲ್ಲಿ ಇಂಥ ಪಾಠ ಯಾಕೆ ಬುದ್ಧೀ? ದೆಹಲಿಯವರೇ ಪುಸ್ತಕದಿಂದ ತೆಗೆದರಂತೆ. ತಾವೂ ಬಿಡಿಸಿಬಿಡಿ” ಎಂದರು. ಅಂದು ಇಬ್ಬರಿಗೂ ನಾವು ಕೊಟ್ಟ ಉತ್ತರ ಅರೆಬರೆಯಾಯಿತು. ಉಳಿದುದನ್ನು ಇಲ್ಲಿ ಹೇಳುತ್ತಿದ್ದೇವೆ.

ಹಿರಿಯರು ಹೇಳಿದ ಸಂಗತಿ ನಿಜ. ಕೇಂದ್ರದ ಪಠ್ಯಪುಸ್ತಕ ಮಂಡಲಿಯು ಪಾಠದ ಹೊರೆ ಇಳಿಸುವಾಗ 10ನೆಯ ತರಗತಿಯ ವಿಜ್ಞಾನ ಪುಸ್ತಕದಿಂದ ವಿಕಾಸದ ಭಾಗವನ್ನು ಕೈಬಿಟ್ಟಿತು. 2023ರ ಏಪ್ರಿಲ್‌ನಲ್ಲಿ 1,800ಕ್ಕೂ ಹೆಚ್ಚು ವಿಜ್ಞಾನಿಗಳು, ಅಧ್ಯಾಪಕರು ಮತ್ತಿತರರು ಬಹಿರಂಗ ಪತ್ರಕ್ಕೆ ಸಹಿ ಹಾಕಿ ಇದನ್ನು ವಿರೋಧಿಸಿದರು. ಆದರೆ ಹುಡುಗನ ಪ್ರಶ್ನೆ ಪುಸ್ತಕದಿಂದ ತೆಗೆದರೆ ಹೋಗುವಂಥದ್ದಲ್ಲ. ಅದನ್ನು ಮೊದಲು ಕೇಳಿಕೊಂಡವರಲ್ಲಿ ಸ್ವತಃ ಡಾರ್ವಿನ್ನರೂ ಒಬ್ಬರು.

ಇಂದಿನ ಕೋತಿ ನಾಳೆ ಮನುಷ್ಯನಾಗುತ್ತದೆ ಎಂದು ಅವರು ಹೇಳಲಿಲ್ಲ. ಮನುಷ್ಯನಿಗೂ ವಾನರಗಳಿಗೂ ಬಹು ಹಿಂದೆ ಒಂದೇ ಪೂರ್ವಜರಿದ್ದರು ಎಂಬುದು ಅವರ ಸಿದ್ಧಾಂತ. 1871ರ ಗ್ರಂಥದಲ್ಲಿ, ಮನುಷ್ಯನ ಮನಸ್ಸಿಗೂ ಮೇಲ್ದರ್ಜೆಯ ಪ್ರಾಣಿಗಳ ಮನಸ್ಸಿಗೂ ಇರುವ ಅಂತರ ಪ್ರಮಾಣದ್ದೇ ಹೊರತು ಜಾತಿಯದಲ್ಲ ಎಂದು ಪ್ರತಿಪಾದಿಸಿದರು. ಹತ್ತು ವರ್ಷಗಳ ಬಳಿಕ, ಸಾಯುವುದಕ್ಕೆ ಒಂದು ವರ್ಷ ಮೊದಲು, 1881ರ ಜುಲೈನಲ್ಲಿ ವಿಲಿಯಂ ಗ್ರಹಾಂ ಎಂಬ ಗ್ರಂಥಕರ್ತರಿಗೆ ಪತ್ರ ಬರೆಯುತ್ತ ತಮ್ಮ ಒಳಗಿನ ಅಳುಕನ್ನು ತೋಡಿಕೊಂಡರು. ಕೆಳಗಿನ ಪ್ರಾಣಿಗಳ ಮನಸ್ಸಿನಿಂದ ಬೆಳೆದು ಬಂದ ಮನುಷ್ಯನ ಮನಸ್ಸಿನ ನಂಬಿಕೆಗಳಿಗೆ ಬೆಲೆ ಇದೆಯೇ ಎಂಬ ಶಂಕೆ ಅವರನ್ನು ಕಾಡುತ್ತಿತ್ತು. ನಮ್ಮ ಹುಡುಗ ಕೇಳಿದ್ದೂ ಇದನ್ನೇ.

ಈ ಶಂಕೆಗೆ ಒಂದು ಸುಲಭದ ಪರಿಹಾರ ಆಗಲೇ ಸಿದ್ಧವಿತ್ತು. 1858ರಲ್ಲಿ ಡಾರ್ವಿನ್ನರೊಡನೆ ಈ ಸಿದ್ಧಾಂತವನ್ನು ಲೋಕದ ಮುಂದಿಟ್ಟ ಆಲ್ಫ್ರೆಡ್ ವಾಲೇಸರು 1869ರಲ್ಲಿ ಬೇರೆ ದಾರಿ ಹಿಡಿದರು. ಕಾಡಿನಲ್ಲಿ ಬದುಕಲು ಬೇಕಾದುದಕ್ಕಿಂತ ಎಷ್ಟೋ ದೊಡ್ಡ ಮೆದುಳು ಮನುಷ್ಯನಿಗಿದೆ. ಅದರ ಹಿಂದೆ ಉನ್ನತ ಚೈತನ್ಯವೊಂದರ ಕೈವಾಡವಿರಬೇಕು ಎಂದರು. ಡಾರ್ವಿನ್ನರಿಗೆ ಇದರಿಂದ ಬಹಳ ನೋವಾಯಿತು.

ಮಠಾಧೀಶರಾದ ನಾವು ವಾಲೇಸರ ಮಾತನ್ನು ಎತ್ತಿ ಹಿಡಿಯುತ್ತೇವೆಂದು ಓದುಗರು ಭಾವಿಸಬಹುದು. ನಾವು ಹಾಗೆ ಮಾಡಲಾರೆವು. ವಿದ್ವಾಂಸರಿಗೆ ಇನ್ನೂ ತಿಳಿಯದ ಸಂದಿಯಲ್ಲಿ ಶಿವನನ್ನು ಕೂರಿಸಿದರೆ, ಆ ಸಂದಿ ಮುಚ್ಚಿದ ದಿನ ಶಿವನನ್ನು ಅಲ್ಲಿಂದ ಎಬ್ಬಿಸಬೇಕಾಗುತ್ತದೆ. ಇದು ಭಕ್ತಿಯಲ್ಲ. ವಿಕಾಸವೆಲ್ಲ ನಮ್ಮ ಪುರಾಣಗಳಲ್ಲಿ ಮೊದಲೇ ಇತ್ತು ಎಂದು ಬೀಗುವುದೂ ಸಲ್ಲದು. ಶಾಸ್ತ್ರ ಹೇಳ ಹೊರಟ ವಿಷಯವೇ ಬೇರೆ.

ಹಾಗಾದರೆ ಹುಡುಗನ ಶಂಕೆಗೆ ಉತ್ತರವೇನು? ಜೆ.ಬಿ.ಎಸ್. ಹಾಲ್ಡೇನ್ ಎಂಬ ದೊಡ್ಡ ಜೀವವಿಜ್ಞಾನಿ 1927ರಲ್ಲಿ ಇಂಥದೇ ವಾದವೊಂದನ್ನು ಹೂಡಿದ್ದರು. ಮೆದುಳಿನೊಳಗೆ ನಡೆಯುವುದೆಲ್ಲ ಬರಿಯ ಅಣುಗಳ ಚಲನೆಯಾದರೆ ತಮ್ಮ ನಂಬಿಕೆಗಳು ಸತ್ಯವೆನ್ನಲು ಆಧಾರವೇ ಉಳಿಯದು ಎಂದರು. 1954ರಲ್ಲಿ ಅವರೇ ಅದು ತಮ್ಮ ತಪ್ಪೆಂದು ಒಪ್ಪಿಕೊಂಡರು. ಲೆಕ್ಕ ಮಾಡುವ ಯಂತ್ರವೂ ಭೌತ ನಿಯಮಗಳಂತೆಯೇ ನಡೆಯುತ್ತದೆ. ಆದರೂ ಅದರ ಲೆಕ್ಕ ಸರಿಯಾಗಿರುತ್ತದೆ. ಒಂದು ವಸ್ತು ಯಾವುದರಿಂದ ಆಯಿತು ಎಂಬುದರಿಂದಲೇ ಅದರ ಕೆಲಸ ಸುಳ್ಳಾಗುವುದಿಲ್ಲ. ಇದೇ ಹಾಲ್ಡೇನರು 1957ರಲ್ಲಿ ಭಾರತಕ್ಕೆ ಬಂದು ನೆಲೆಸಿ, 1964ರಲ್ಲಿ ಭುವನೇಶ್ವರದಲ್ಲಿ ತೀರಿಕೊಂಡರು. ತಮ್ಮ ತಪ್ಪನ್ನು ತಾವೇ ಬರೆದು ಒಪ್ಪಿಕೊಂಡ ಅವರ ಗುಣ ವಿದ್ವತ್ತಿಗಿಂತ ದೊಡ್ಡದೆಂದು ನಮಗೆ ತೋರುತ್ತದೆ.

ಕೊಂಬೆಯಿಂದ ಕೊಂಬೆಗೆ ಹಾರುವ ಜೀವಿಗೆ ದೂರದ ಅಂದಾಜು ತಪ್ಪಿದರೆ ಅದರ ಸಂತಾನ ಉಳಿಯುವುದಿಲ್ಲ. ಹೀಗೆ ತಲೆತಲಾಂತರದಿಂದ ಪೆಟ್ಟು ತಿಂದು ತಿದ್ದಿಕೊಂಡ ಬುದ್ಧಿ, ಹತ್ತಿರದ ವಿಷಯಗಳಲ್ಲಿ ಬಹುಮಟ್ಟಿಗೆ ನಂಬಲರ್ಹವಾದುದೇ. ನಮ್ಮ ಮೆದುಳಿನ ತೂಕ ದೇಹದ ನೂರರಲ್ಲಿ ಸುಮಾರು ಎರಡು ಪಾಲು. ಆದರೆ ತಿಂದ ಅನ್ನದ ಬಲದಲ್ಲಿ ಸುಮಾರು ಇಪ್ಪತ್ತು ಪಾಲು ಅದಕ್ಕೇ ಬೇಕು. ಇಷ್ಟು ದುಬಾರಿಯಾದ ಅಂಗ ಕೆಲಸಕ್ಕೆ ಬಾರದ್ದಾಗಿದ್ದರೆ ಉಳಿದು ಬರುತ್ತಿರಲಿಲ್ಲ. ಆದರೆ ಬದುಕಿಗೆ ನೆರವಾದುದೆಲ್ಲ ಸತ್ಯವೇ ಆಗಿರಬೇಕೆಂಬ ನಿಯಮವಿಲ್ಲ. ಬುದ್ಧಿಯ ದೋಷವೂ ಇಲ್ಲಿಯೇ ಅಡಗಿದೆ.

1966ರಲ್ಲಿ ಪೀಟರ್ ವೇಸನ್ ಎಂಬ ಮನಶ್ಶಾಸ್ತ್ರಜ್ಞರು ಒಂದು ಒಗಟನ್ನು ಪ್ರಕಟಿಸಿದರು. ಒಂದು ಬದಿಯಲ್ಲಿ ಅಕ್ಷರ, ಇನ್ನೊಂದು ಬದಿಯಲ್ಲಿ ಅಂಕಿ ಇರುವ ನಾಲ್ಕು ಚೀಟಿಗಳಿವೆ ಎನ್ನಿ. ನಮಗೆ ಕಾಣುವುದು ‘ಅ’, ‘ಕ’, 4, 7. ಸ್ವರವಿದ್ದರೆ ಹಿಂಬದಿಯಲ್ಲಿ ಸಮಸಂಖ್ಯೆ ಇರಬೇಕೆಂಬುದು ನಿಯಮ. ನಿಯಮ ಮುರಿದಿದೆಯೇ ಎಂದು ನೋಡಲು ಯಾವ ಚೀಟಿಗಳನ್ನು ತಿರುಗಿಸಬೇಕು? ‘ಅ’ ಮತ್ತು 7. ಓದಿದವರಲ್ಲಿಯೂ ಹೆಚ್ಚಿನವರು 7ನ್ನು ಬಿಡುತ್ತಾರೆ, ಅನೇಕರು 4ನ್ನು ತಿರುಗಿಸುತ್ತಾರೆ. ಅಂದರೆ ನಿಯಮಕ್ಕೆ ಒಪ್ಪುವ ಸಾಕ್ಷಿಯನ್ನು ಹುಡುಕುತ್ತಾರೆ, ಮುರಿಯುವ ಸಾಕ್ಷಿಯನ್ನು ಹುಡುಕುವುದಿಲ್ಲ. ಇದೇ ಒಗಟನ್ನು 1982ರಲ್ಲಿ ಬೇರೆ ವಿದ್ವಾಂಸರು, ಬಿಯರ್ ಕುಡಿಯುವವನಿಗೆ 19 ವರ್ಷ ದಾಟಿರಬೇಕು ಎಂಬ ಕಟ್ಟಳೆಯ ರೂಪದಲ್ಲಿ ಕೇಳಿದಾಗ ಹೆಚ್ಚಿನವರು ಸರಿಯಾಗಿ ಹೇಳಿದರು. ಕಟ್ಟಳೆ ಮುರಿದ ಇನ್ನೊಬ್ಬನನ್ನು ಹಿಡಿಯುವುದರಲ್ಲಿ ನಮ್ಮ ಬುದ್ಧಿ ಅಷ್ಟು ಚುರುಕು!

2011ರಲ್ಲಿ ಮರ್ಸಿಯೇ ಮತ್ತು ಸ್ಪರ್ಬರ್ ಎಂಬ ಇಬ್ಬರು ವಿದ್ವಾಂಸರು ಇನ್ನೂ ಮುಂದೆ ಹೋದರು. ಮನುಷ್ಯನಲ್ಲಿ ತರ್ಕ ಬೆಳೆದುದು ಒಬ್ಬನೇ ಕುಳಿತು ಸತ್ಯ ಕಾಣುವುದಕ್ಕಲ್ಲ. ಇನ್ನೊಬ್ಬರನ್ನು ಒಪ್ಪಿಸುವುದಕ್ಕೆ, ಇನ್ನೊಬ್ಬರ ವಾದವನ್ನು ತೂಗಿ ನೋಡುವುದಕ್ಕೆ ಎಂದರು. ಆದ್ದರಿಂದಲೇ ಒಬ್ಬನೇ ಯೋಚಿಸುವವನು ತನ್ನ ಪಕ್ಷಕ್ಕೇ ವಕೀಲನಾಗುತ್ತಾನೆ. ನಾಲ್ವರು ಕೂಡಿ ಚರ್ಚಿಸಿದರೆ ತಪ್ಪು ಹೊರಬೀಳುತ್ತದೆ. ಇದನ್ನು ಒಪ್ಪದ ಪಂಡಿತರೂ ಇದ್ದಾರೆ. ಆದರೆ ನಮ್ಮ ಅನುಭವ ಇದರ ಕಡೆಗೇ ಇದೆ.

ಬಹಳ ವರ್ಷಗಳ ಹಿಂದೆ ಅಣ್ಣತಮ್ಮಂದಿರ ನಡುವಿನ ಕಾಲುವೆ ನೀರಿನ ವ್ಯಾಜ್ಯವೊಂದು ನಮ್ಮ ಮುಂದೆ ಬಂತು. ಅಣ್ಣ ಶ್ರೀಮಠಕ್ಕೆ ನಡೆದುಕೊಳ್ಳುವವನು, ತಮ್ಮ ಅಷ್ಟಾಗಿ ಬರುವವನಲ್ಲ. ನಾವು ಕಾರಣಗಳನ್ನೆಲ್ಲ ಜೋಡಿಸಿ ಅಣ್ಣನ ಪರವಾಗಿ ತೀರ್ಮಾನ ಹೇಳಲಿದ್ದೆವು. ಆಗ ದಾಸೋಹದ ಮನೆಯ ಮುದುಕ, “ಬುದ್ಧೀ, ಕಾಲುವೆ ನೋಡಿದಿರಾ?” ಎಂದ. ನೋಡಿರಲಿಲ್ಲ. ಮರುದಿನ ಹೋಗಿ ನೋಡಿದರೆ ನೀರು ತಡೆದಿದ್ದವನು ಅಣ್ಣನೇ. ಭಕ್ತನ ಮೇಲಿನ ಮಮತೆಯೇ ನಮ್ಮೊಳಗೆ ತರ್ಕದ ವೇಷ ಹಾಕಿಕೊಂಡು ಕುಳಿತಿತ್ತು. ಶಾಸ್ತ್ರ ಓದಿದ ಬುದ್ಧಿಯನ್ನು ಅಂದು ತಿದ್ದಿದವನು ಅನ್ನ ಬಡಿಸುವ ಮುದುಕ.

ಶರಣರು ಕಲ್ಯಾಣದ ಅನುಭವ ಮಂಟಪದಲ್ಲಿ ಕೂಡಿ ಕುಳಿತು ಮಾತನಾಡಿದ್ದರ ಅರ್ಥ ಇಲ್ಲಿ ಹೊಳೆಯುತ್ತದೆ. ಶೂನ್ಯಸಂಪಾದನೆ ಇಡಿಯಾಗಿ ಸಂವಾದದ ಗ್ರಂಥ. ಕೆರೆ ಕಟ್ಟಿಸಿದ ಸಿದ್ಧರಾಮರಂಥವರನ್ನೂ ಅಲ್ಲಮಪ್ರಭುಗಳು ಪ್ರಶ್ನಿಸದೆ ಬಿಡಲಿಲ್ಲ. ಸಿದ್ಧರಾಮರೂ ಪ್ರಶ್ನೆಗೆ ಬೆನ್ನು ತಿರುಗಿಸಲಿಲ್ಲ. ಸಿದ್ಧಾಂತ ಶಿಖಾಮಣಿಯ ನೂರೊಂದು ಸ್ಥಲಗಳಲ್ಲಿ ಮೊದಲನೆಯದು ಪಿಂಡಸ್ಥಲ, ಅದರ ಬೆನ್ನಿಗೆ ಬರುವುದು ಪಿಂಡಜ್ಞಾನಸ್ಥಲ. ದೇಹ ಯಾವುದು, ಆತ್ಮ ಯಾವುದು ಎಂದು ಬೇರ್ಪಡಿಸಿ ಅರಿಯುವ ವಿವೇಕವೇ ಪಿಂಡಜ್ಞಾನ. ಆ ಪಿಂಡ ರೂಪುಗೊಂಡ ಚರಿತ್ರೆಯನ್ನು ವಿಜ್ಞಾನ ಹೇಳಲಿ, ನಮಗೆ ಅಭ್ಯಂತರವಿಲ್ಲ. ಇರುವ ಪಿಂಡದಲ್ಲಿ ವಿವೇಕವನ್ನು ಹುಟ್ಟಿಸಿಕೊಳ್ಳುವ ಹೊಣೆ ಮಾತ್ರ ನಮ್ಮದು. ಶೈವ ಶಾಸ್ತ್ರಗಳು ಪಾಶಕ್ಕೆ ಸಿಕ್ಕಿದ ಜೀವನನ್ನು ‘ಪಶು’ವೆಂದೇ ಕರೆದಿವೆ. ಆ ಮಾತಿಗೆ ನಾಚದ ನಾವು ಡಾರ್ವಿನ್ನರ ಮಾತಿಗೆ ಏಕೆ ನಾಚಬೇಕು?

ಹಿರಿಯರ ಆತಂಕವನ್ನು ನಾವು ಹಗುರವಾಗಿ ಕಾಣುವುದಿಲ್ಲ. ತಾನು ಪ್ರಾಣಿ ಎಂದು ಕಲಿತ ಮಗು ಪ್ರಾಣಿಯಂತೆ ನಡೆದೀತು ಎಂಬುದು ಅವರ ಭಯ. ಆದರೆ ತನ್ನ ಬುದ್ಧಿ ಎಲ್ಲಿ ಜಾರುತ್ತದೆಂದು ತಿಳಿದ ಮಗುವೇ ಹೆಜ್ಜೆ ನೋಡಿ ಇಡುತ್ತದೆ. ತಾನು ಜಾರುವುದೇ ಇಲ್ಲ ಎಂದುಕೊಂಡವನೇ ಬೀಳುವವನು. ಆದಕಾರಣ ನಮ್ಮ ಶಾಲೆಯಲ್ಲಿ ಆ ಪಾಠ ಉಳಿಯುತ್ತದೆ. ಮೇಷ್ಟ್ರಿಗೂ ಹಾಗೆಯೇ ಹೇಳಿದ್ದೇವೆ. ಬರುವ ಸೋಮವಾರ ಸಂಜೆ ಆ ಹುಡುಗನೂ ಹಿರಿಯರೂ ನಮ್ಮ ಮುಂದೆ ಕುಳಿತು ಚರ್ಚೆ ಮಾಡಲಿದ್ದಾರೆ. ನಮ್ಮ ಮಾತಿನಲ್ಲಿಯೂ ತಪ್ಪು ಕಂಡರೆ ಎತ್ತಿ ತೋರಿಸಬೇಕೆಂದು ಇಬ್ಬರಿಗೂ ಅಪ್ಪಣೆಯಾಗಿದೆ.

ಸದ್ಭಕ್ತರು ತಮ್ಮ ಮನೆಗಳಲ್ಲಿಯೂ ಮಕ್ಕಳ ಪ್ರಶ್ನೆಯನ್ನು ಗದರಿಸಿ ಅಡಗಿಸದಿರಲಿ. ಎಲ್ಲರ ಅಂತರಂಗದಲ್ಲಿ ಅರಿವು ಬೆಳಗಲಿ ಎಂದು ಹಾರೈಸುತ್ತೇವೆ.