ಹಳೆ ಕಂಪ್ಯೂಟರನ್ನು ಗುಜರಿಗೆ ಹಾಕುವ ಮೊದಲು

ಪಂಪು ಕೆಟ್ಟರೆ ನಾವು ಮೊದಲು ಬಿಚ್ಚಿ ನೋಡುತ್ತೇವೆ. ಫುಟ್‌ವಾಲ್ವೋ ಸೀಲೋ ಬದಲಿಸಿ ಮತ್ತೆ ನಾಲ್ಕು ವರ್ಷ ಓಡಿಸುತ್ತೇವೆ. ಕಂಪ್ಯೂಟರಿನ ವಿಷಯದಲ್ಲಿ ಮಾತ್ರ ಅಂಗಡಿಯವರು ಹೇಳಿದ್ದೇ ಕೊನೆಯ ಮಾತು. ಇದು ಸರಿಯಲ್ಲ ಎಂದು ನನ್ನ ಅಭಿಪ್ರಾಯ.

ನನ್ನ ಹಳೆ ಕಂಪ್ಯೂಟರಿನ ರ‍್ಯಾಮ್ ಬರೇ 2 ಜಿಬಿ. ಕೂಲಿ, ಗೊಬ್ಬರ, ಅಡಿಕೆ ಮಾರಾಟದ ಹನ್ನೆರಡು ವರ್ಷದ ಲೆಕ್ಕ ಅದರಲ್ಲೇ ಉಂಟು. ವಿಂಡೋಸ್ 10ಕ್ಕೆ ಕಂಪೆನಿಯ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ನಿಂತಿತು. "ಇದು ಇನ್ನು ಗುಜರಿ, ಹೊಸತು ತೆಗೊಳ್ಳಿ" ಎಂದರು. ನಾನು ಡೆಬಿಯನ್ ಲಿನಕ್ಸ್ ಹಾಕಿಕೊಂಡೆ. ಖರ್ಚಾದದ್ದು ಒಂದು ಪೆನ್‌ಡ್ರೈವ್, ಎರಡು ರಾತ್ರಿಯ ನಿದ್ದೆ.

ಇದರ 'ನೆಟ್‌ಇನ್‌ಸ್ಟ್' ಕಡತ 1 ಜಿಬಿಗಿಂತ ಚಿಕ್ಕದು. ಉಳಿದದ್ದು ಇಂಟರ್ನೆಟ್ಟಿನಿಂದ ಇಳಿಯುತ್ತದೆ. ನಡುವೆ ಏನೇನು ಬೇಕೆಂದು ಕೇಳುವ ಪಟ್ಟಿ ಬರುತ್ತದೆ. ಅದರಲ್ಲಿ ಡೆಸ್ಕ್‌ಟಾಪಿನ ಗುರುತು ತೆಗೆದು, 'ಸ್ಟ್ಯಾಂಡರ್ಡ್ ಸಿಸ್ಟಮ್ ಯುಟಿಲಿಟೀಸ್' ಒಂದನ್ನೇ ಉಳಿಸಿದೆ. ಮುಗಿದಾಗ ಕಪ್ಪು ಪರದೆ, ಲಾಗಿನ್ ಎಂಬ ಒಂದು ಪದ. ಹೆದರಿಕೆ ಆಯಿತು, ಸುಳ್ಳು ಹೇಳುವುದಿಲ್ಲ.

ಅಲ್ಲಿಂದ ಮುಂದೆ 'ಆಪ್ಟ್ ಇನ್‌ಸ್ಟಾಲ್' ಎಂದು ಟೈಪಿಸಿ, ಪಕ್ಕದಲ್ಲಿ ಬೇಕಾದ್ದರ ಹೆಸರು ಹಾಕಿದರೆ ಆಯಿತು. ಕಪ್ಪು ಪರದೆಯಲ್ಲಿ ಕನ್ನಡ ಮೂಡುವುದಿಲ್ಲ. ಅದಕ್ಕಾಗಿ ಕ್ಸಾರ್ಗ್, ಹಗುರವಾದ ಐಸ್‌ಡಬ್ಲ್ಯೂಎಂ, ಗುಬ್ಬಿ ಮತ್ತು ನವಿಲು ಎಂಬ ಕನ್ನಡ ಅಕ್ಷರಗಳು, ಲೆಕ್ಕಕ್ಕೆ ನ್ಯೂಮರಿಕ್ ತರಿಸಿದೆ. ಅಷ್ಟೇ. ಕೇಳದ್ದು ಯಾವುದೂ ಒಳಗೆ ಕೂತಿಲ್ಲ, ಹಾಗಾಗಿ ಹಳೆ ಯಂತ್ರಕ್ಕೆ ಭಾರವಿಲ್ಲ.

ಎಡವಿದ್ದನ್ನೂ ಹೇಳಬೇಕಲ್ಲ. ವೈಫೈ ಹಿಡಿಯದೆ ಮೊದಲ ರಾತ್ರಿ ದಂಡವಾಯಿತು. ಮರುದಿನ ಮೋಡೆಮ್ಮಿನಿಂದ ವೈರು ಎಳೆದು ಚುಚ್ಚಿದ ಮೇಲೆ ಕೆಲಸ ಸಾಗಿತು. ಇನ್ನೊಂದು ಎಚ್ಚರ: ಹಾಕುವಾಗ ಡಿಸ್ಕ್ ಪೂರ್ತಿ ಅಳಿಸಿ ಹೋಗಬಹುದು. ಲೆಕ್ಕದ ಕಡತಗಳನ್ನು ಮೊದಲೇ ಎರಡು ಕಡೆ ನಕಲು ಮಾಡಿಡಿ. 2025ರ ಆಗಸ್ಟಿನಲ್ಲಿ ಬಂದ ಡೆಬಿಯನ್ 13ನ್ನು ತೀರಾ ಹಳೆಯ 32 ಬಿಟ್ ಯಂತ್ರಕ್ಕೆ ಹಾಕಲಾಗದು, 64 ಬಿಟ್ಟಿನದ್ದೇ ಆಗಬೇಕು.

ಮೊಬೈಲೇ ಸಾಕೆನ್ನುವವರಿಗೆ, ವಿಂಡೋಸಿನಲ್ಲಿ ಮಾತ್ರ ನಡೆಯುವ ತಂತ್ರಾಂಶ ಬೇಕಾದವರಿಗೆ ಈ ಉಸಾಬರಿ ಬೇಡ. ಉಳಿದವರು ಒಮ್ಮೆ ಯೋಚಿಸಿ. ತೋಟದಲ್ಲಿ ಪೈಪು ತಾನೇ ಹೂತವನಿಗೆ ಜಾಯಿಂಟು ಎಲ್ಲೆಲ್ಲಿ ಉಂಟೆಂದು ಗೊತ್ತಿರುತ್ತದೆ. ಸೋರಿದರೆ ಇಡೀ ತೋಟ ಅಗೆಯಬೇಕಿಲ್ಲ. ಇದೂ ಹಾಗೆಯೇ. ಊರಿಗೊಬ್ಬರು ಕಲಿತರೂ ಸಾಕು, ನಾಲ್ಕು ಮನೆಯ ಕಂಪ್ಯೂಟರು ಗುಜರಿಗೆ ಹೋಗುವುದು ತಪ್ಪುತ್ತದೆ.